ಸೊಂಟದ ಮೇಲಿನ ಕೈ

"ನೀನು ಪುಸ್ತಕ ನೋಡ್ತಾ ಇದೀಯ, ನಾನು ನಿನ್ನ ಮುಖ ನೋಡ್ತಾ ಇದೀನಿ. ಗೋಡೆ ನೋಡೋರು ಯಾರು ಹಾಗಾದ್ರೆ?"

ಅಮ್ಮ ಹೀಗೆ ಕೇಳಿದ್ದು ಇಟಲಿಯ ಅರೆತ್ಸೊ ಊರಿನ ಸಂತ ಫ್ರಾನ್ಸಿಸರ ಚರ್ಚಿನಲ್ಲಿ. ಕೇಳಿ ವರ್ಷವಾಗುತ್ತಾ ಬಂತು, ಪ್ರಶ್ನೆ ಮಾತ್ರ ನನ್ನನ್ನು ಬಿಟ್ಟಿಲ್ಲ. ಚರ್ಚಿನ ಪೀಠದ ಹಿಂದೆ, ನಮ್ಮ ಗುಡಿಗಳಲ್ಲಿ ಗರ್ಭಗುಡಿ ಇರುವ ಕಡೆ, ಎತ್ತರದ ಚಿಕ್ಕ ಕೋಣೆಯೊಂದಿದೆ. ಅದರ ಮೂರು ಗೋಡೆಗಳ ತುಂಬ ಪಿಯೆರೊ ದೆಲ್ಲಾ ಫ್ರಾಂಚೆಸ್ಕಾ ಬರೆದ ಚಿತ್ರಗಳು. ಹದಿನೈದನೆಯ ಶತಮಾನದ ಕೆಲಸ. ಒಳಗೆ ಬಿಡುವುದು ಸ್ವಲ್ಪ ಸ್ವಲ್ಪ ಜನರನ್ನು, ಅದೂ ಅರ್ಧ ಗಂಟೆಗೆ. ನಾನು ಸ್ಟುಟ್‌ಗಾರ್ಟಿನಲ್ಲಿ ಕೊಂಡಿದ್ದ ಇಂಗ್ಲಿಷ್ ಗೈಡ್ ಪುಸ್ತಕವನ್ನು ಬಿಡಿಸಿ, ಒಂದೊಂದು ವಾಕ್ಯ ಓದಿ ಕನ್ನಡ ಮಾಡಿ ಹೇಳುತ್ತಿದ್ದೆ. ಇದು ಆದಾಮನ ಸಾವು, ಇದು ಶೀಬಾ ರಾಣಿ, ಇದು ಕಾನ್‌ಸ್ಟಂಟೈನನ ಕನಸು, ಇಲ್ಲಿ ಬೆಳಕು ಹೇಗೆ ಬಿದ್ದಿದೆ ನೋಡು. ಅಮ್ಮ ಪ್ರತಿಯೊಂದಕ್ಕೂ "ಹೂಂ" ಎನ್ನುತ್ತಿದ್ದಳು. ಇಪ್ಪತ್ತು ನಿಮಿಷ ಕಳೆದಿರಬೇಕು, ಆಗ ಬಂತು ಆ ಮಾತು.

ಅಮ್ಮನಿಗೆ ಚಿತ್ರ ನೋಡಲು ಬರುವುದಿಲ್ಲ ಎಂದು ನನಗೆ ಒಂದು ಕ್ಷಣವೂ ಅನ್ನಿಸಲಿಲ್ಲ. ಹಳೇಬೀಡಿನ ಗೋಡೆಯ ಪಟ್ಟಿಕೆಗಳ ಮುಂದೆ ನಿಂತರೆ ಅವಳಿಗೆ ಗೈಡೂ ಬೇಡ, ಪುಸ್ತಕವೂ ಬೇಡ. ಕೋತಿಗಳು ಕಲ್ಲು ಹೊರುತ್ತಿದ್ದರೆ ಸೇತುವೆ, ಹಾಸಿಗೆಯ ಸುತ್ತ ಬಾಣಗಳಿದ್ದರೆ ಭೀಷ್ಮ. ಅದೇ ಕಣ್ಣು ಅರೆತ್ಸೊದಲ್ಲಿ ನನ್ನ ಬಾಯಿಯನ್ನೇ ಕಾಯಬೇಕಾಯಿತು. ಯಾಕೆಂದರೆ ನನ್ನ ಕೈಯಲ್ಲಿದ್ದ ಪುಸ್ತಕ, ಆ ಕಥೆಯನ್ನು ಅರ್ಧವಾದರೂ ಕೇಳಿ ಬೆಳೆದವರಿಗೆಂದು ಬರೆದದ್ದು. ಆದಾಮನ ಸಾವಿಗೂ ಒಬ್ಬ ರಾಣಿ ಸೇತುವೆಯ ಮುಂದೆ ಮಂಡಿಯೂರುವುದಕ್ಕೂ ಏನು ಸಂಬಂಧ ಎಂದು ಅದು ಒಂದೇ ಸಾಲಿನಲ್ಲಿ ಹೇಳಿ ಮುಗಿಸಿ, ಎರಡು ಪುಟ ನೆರಳು-ಬೆಳಕಿನ ಬಗ್ಗೆ ಮಾತಾಡುತ್ತದೆ.

ಆ ರಾತ್ರಿ ಕೋಣೆಯಲ್ಲಿ ಅಮ್ಮ ತಂದಿದ್ದ ಅವಲಕ್ಕಿಗೆ ಮೊಸರು ಕಲಸಿಕೊಂಡು ತಿನ್ನುತ್ತಾ, ನಾನು ಅದನ್ನು ಕಥೆಯಾಗಿ ಹೇಳಿದೆ. ಆದಾಮ ಸಾಯುವಾಗ ಅವನ ಮಗ ದೇವದೂತನಿಂದ ಒಂದು ಕುಡಿ ತಂದು ಅಪ್ಪನ ಬಾಯೊಳಗೆ ನೆಡುತ್ತಾನೆ. ಅದು ಮರವಾಗುತ್ತದೆ. ಸಾಲೊಮನ್ ರಾಜನ ಕಾಲಕ್ಕೆ ಆ ಮರ ಕಡಿದು ತೊಲೆ ಮಾಡುತ್ತಾರೆ, ಅದು ಒಂದು ಹಳ್ಳಕ್ಕೆ ಅಡ್ಡ ಸೇತುವೆಯಾಗುತ್ತದೆ. ಸಾಲೊಮನ್ನನನ್ನು ನೋಡಲು ಬಂದ ಶೀಬಾ ರಾಣಿಗೆ ಅದರ ಮೇಲೆ ಕಾಲಿಡಲು ಆಗುವುದಿಲ್ಲ. ಮುಂದೊಂದು ದಿನ ಇದೇ ಮರದಿಂದ ಒಬ್ಬನ ಶಿಲುಬೆಯಾಗುತ್ತದೆ ಎಂದು ಅವಳಿಗೆ ಹೊಳೆದು ಮಂಡಿಯೂರುತ್ತಾಳೆ. ರಾಜ ಹೆದರಿ ತೊಲೆಯನ್ನು ಹೂಳಿಸುತ್ತಾನೆ. ಹೂತದ್ದು ಮೇಲೆ ಬರುತ್ತದೆ, ಶಿಲುಬೆಯಾಗುತ್ತದೆ, ಮತ್ತೆ ಮಣ್ಣು ಸೇರುತ್ತದೆ. ಕಾನ್‌ಸ್ಟಂಟೈನ್ ಚಕ್ರವರ್ತಿಯ ತಾಯಿ ಹೆಲೆನಾ ಹುಡುಕಿ ತೆಗೆಸುತ್ತಾಳೆ. ಪರ್ಷಿಯದ ದೊರೆ ಖುಸ್ರೋ ಹೊತ್ತೊಯ್ಯುತ್ತಾನೆ, ಕ್ರೈಸ್ತ ಚಕ್ರವರ್ತಿ ಹೆರಾಕ್ಲಿಯಸ್ ಯುದ್ಧ ಮಾಡಿ ಜೆರುಸಲೇಮಿಗೆ ಮರಳಿ ತರುತ್ತಾನೆ. ಅಮ್ಮ ತಿನ್ನುವುದನ್ನು ನಿಲ್ಲಿಸಿದ್ದಳು. "ಅಯ್ಯೋ, ಮರದ ಪುರಾಣ ಅಂತ ಮೊದಲೇ ಹೇಳಬಾರದಿತ್ತೇನೇ?" ಅಂದಳು. ಬೆಳಗ್ಗೆ ಮತ್ತೆ ಟಿಕೆಟ್ ತೆಗೆದುಕೊಂಡು ಪುಸ್ತಕವಿಲ್ಲದೆ ಹೋದೆವು. ಕಥೆ ಬಲಗೋಡೆಯ ನೆತ್ತಿಯಲ್ಲಿ ಶುರುವಾಗಿ, ಹಿಂದೆ ಮುಂದೆ ನೆಗೆದು, ಎದುರಿನ ಗೋಡೆಯ ನೆತ್ತಿಯಲ್ಲಿ ಮುಗಿಯುತ್ತದೆ. ಅಮ್ಮ ಆ ಮರವನ್ನೇ ಹಿಡಿದುಕೊಂಡು ಒಂದು ಗೋಡೆಯಿಂದ ಇನ್ನೊಂದು ಗೋಡೆಗೆ ನಡೆದಳು. ಅರ್ಧ ಗಂಟೆ ಸಾಲಲಿಲ್ಲ.

ಯಾರಿಗಾಗಿ ಬರೆದದ್ದು

ಅಲ್ಲಿಂದ ಬಂದ ಮೇಲೆ ಗೈಡ್ ಪುಸ್ತಕಗಳ ಚರಿತ್ರೆಯನ್ನೇ ಹುಡುಕಿ ಓದತೊಡಗಿದೆ. ಯುರೋಪಿನಲ್ಲಿ ಈ ಜಾತಿಯ ಪುಸ್ತಕಕ್ಕೆ ಬಹಳ ವಯಸ್ಸಾಗಿದೆ. ಎರಡನೆಯ ಶತಮಾನದಲ್ಲೇ ಪೌಸೇನಿಯಸ್ ಎಂಬವನು ಗ್ರೀಸಿನ ಊರೂರು ತಿರುಗಿ ಹತ್ತು ಸಂಪುಟ ಬರೆದಿಟ್ಟ. ಒಲಿಂಪಿಯಾದ ಹೇರಾ ಗುಡಿಯಲ್ಲಿ ಪ್ರಾಕ್ಸಿಟಲಿಸ್ ಕಡೆದ ಹರ್ಮಿಸ್ ವಿಗ್ರಹವಿದೆ ಎಂದು ಅವನು ಬರೆದಿದ್ದ, 1877ರಲ್ಲಿ ಜರ್ಮನರು ಅಗೆದಾಗ ಹರ್ಮಿಸ್ ಸಿಕ್ಕಿದ್ದು ಅದೇ ಗುಡಿಯ ಅವಶೇಷದಲ್ಲಿ. ಹನ್ನೆರಡನೆಯ ಶತಮಾನದಲ್ಲಿ ಸ್ಪೇನಿನ ಸಾಂತಿಯಾಗೊಗೆ ನಡೆದು ಹೋಗುವ ಯಾತ್ರಿಕರಿಗೂ ಒಂದು ಕೈಪಿಡಿ ಇತ್ತು: ಯಾವ ಹೊಳೆಯ ನೀರು ಕುಡಿಯಬಾರದು, ಯಾವ ಅಂಬಿಗ ಮೋಸ ಮಾಡುತ್ತಾನೆ, ದಾರಿಯಲ್ಲಿ ಯಾವ ಸಂತನ ಸಮಾಧಿಗೆ ಕೈಮುಗಿಯಬೇಕು. ಕಾಶಿಗೆ ಹೋಗಿಬಂದ ನಮ್ಮ ಹಿರಿಯರು ಹೊರಡುವವರಿಗೆ ಹೇಳಿ ಕಳಿಸುತ್ತಿದ್ದ ಮಾತುಗಳೇ ಇವು.

ಈಗಿನ ರೂಪದ ಗೈಡ್ ಪುಸ್ತಕ ಹುಟ್ಟಿದ್ದು 1830ರ ದಶಕದಲ್ಲಿ. ಲಂಡನ್ನಿನ ಜಾನ್ ಮರೆ 1836ರಲ್ಲಿ ತನ್ನ ಮೊದಲ ಕೈಪಿಡಿ ಹೊರತಂದ. ಅದೇ ಹೊತ್ತಿಗೆ ಜರ್ಮನಿಯ ಕೊಬ್ಲೆಂಟ್ಸ್‌ನಲ್ಲಿ ಕಾರ್ಲ್ ಬೇಡೆಕರ್ ಎಂಬ ಪುಸ್ತಕ ವ್ಯಾಪಾರಿ ರೈನ್ ನದಿಯ ದಂಡೆಯ ಬಗ್ಗೆ ಪುಸ್ತಕ ಮಾಡುತ್ತಿದ್ದ. ನನಗೆ ಬೇಡೆಕರ್ ಬಹಳ ಇಷ್ಟವಾದ. ಅವನ ಬಗ್ಗೆ ಒಂದು ಕಥೆ ಇದೆ. ಮಿಲಾನಿನ ದೊಡ್ಡ ಚರ್ಚಿನ ಮೆಟ್ಟಿಲು ಹತ್ತುವಾಗ ಒಬ್ಬ ಮನುಷ್ಯ ಇಪ್ಪತ್ತು ಮೆಟ್ಟಿಲಿಗೊಮ್ಮೆ ನಿಂತು, ಕೋಟಿನೊಳಗಿನ ಅಂಗಿಯ ಜೇಬಿನಿಂದ ಒಂದು ಬಟಾಣಿ ಕಾಳು ತೆಗೆದು ಪ್ಯಾಂಟಿನ ಜೇಬಿಗೆ ಹಾಕಿಕೊಳ್ಳುತ್ತಿದ್ದನಂತೆ. ಇಳಿಯುವಾಗ ಆ ಜೇಬಿನಿಂದ ಈ ಜೇಬಿಗೆ. ಎಣಿಕೆ ತಪ್ಪಬಾರದು, ತಪ್ಪಿದರೆ ಇಳಿಯುವಾಗ ಗೊತ್ತಾಗಬೇಕು. ಪಕ್ಕದಲ್ಲಿ ಹತ್ತುತ್ತಿದ್ದವರಿಗೆ ಆಮೇಲೆ ತಿಳಿಯಿತು, ಅವನೇ ಬೇಡೆಕರ್ ಎಂದು. ಯಾರೋ ಮಂಡಿನೋವಿನವರು ಮೆಟ್ಟಿಲು ಹತ್ತುವ ಮೊದಲು ಎಷ್ಟಿವೆ ಎಂದು ತಿಳಿದುಕೊಳ್ಳಲಿ ಎಂಬ ಆ ಕಾಳಜಿಯನ್ನು ನಾನು ಗೌರವಿಸುತ್ತೇನೆ. ಊರಿಗೆ ಹೊಸಬರಾಗಿ ಬಂದವರು ಬಾಡಿಗೆ ಗೈಡುಗಳ ಕೈಗೆ ಸಿಕ್ಕದೆ ತಮ್ಮ ಕಾಲ ಮೇಲೆ ತಾವು ತಿರುಗಾಡಬೇಕು ಎನ್ನುವುದು ಅವನ ಉದ್ದೇಶವಾಗಿತ್ತು. 1840ರ ದಶಕದಲ್ಲಿ ಅವನ ಪುಸ್ತಕಗಳಲ್ಲಿ ನಕ್ಷತ್ರದ ಗುರುತು ಬಂತು. ತಪ್ಪದೆ ನೋಡಬೇಕಾದ್ದಕ್ಕೆ ನಕ್ಷತ್ರ, ಅದಕ್ಕಿಂತ ದೊಡ್ಡದಕ್ಕೆ ಎರಡು.

ನಕ್ಷತ್ರದ ಉಪಯೋಗ ನನಗೆ ಗೊತ್ತು. ಎರಡೇ ದಿನ ರಜೆ ಇರುವವರಿಗೆ ಎಲ್ಲಿ ಇಳಿಯಬೇಕೆಂದು ಯಾರಾದರೂ ಹೇಳಲೇಬೇಕು. ಆದರೆ ನಕ್ಷತ್ರ ಯಾರ ಕಣ್ಣಿನಿಂದ ನೋಡಿ ಕೊಟ್ಟದ್ದು ಎಂಬ ಪ್ರಶ್ನೆ ಇದ್ದೇ ಇದೆ. ಬೇಡೆಕರ್ ಜರ್ಮನರ ಮನೆಯಲ್ಲಿ ಏನು ಓದಿಸುತ್ತಾರೆಂದು ಬಲ್ಲವನಾಗಿ ಬರೆದ, ಮರೆ ಇಂಗ್ಲಿಷರಿಗೆ ಬರೆದ. ಇಟಲಿಯವರಿಗೂ ಇದು ಒಂದು ಹಂತದಲ್ಲಿ ಚುಚ್ಚಿರಬೇಕು. 1894ರಲ್ಲಿ ಮಿಲಾನಿನಲ್ಲಿ 57 ಮಂದಿ ಸೈಕಲ್ ಸವಾರರು ಸೇರಿ ಕಟ್ಟಿದ ಟೂರಿಂಗ್ ಕ್ಲಬ್, 1914ರಿಂದ ಇಟಲಿಯನ್ನು ಸೀಮೆ ಸೀಮೆಯಾಗಿ ವಿಂಗಡಿಸಿ ಕೆಂಪು ರಟ್ಟಿನ ಕೈಪಿಡಿಗಳನ್ನು ತರತೊಡಗಿತು. ಅದರ ಮುಂದಾಳು ಬೆರ್ತಾರೆಲ್ಲಿ. ಇಟಲಿಯವರು ತಮ್ಮ ನಾಡನ್ನು ಪರರ ಪುಸ್ತಕದಿಂದ ನೋಡುವುದು ನಿಲ್ಲಬೇಕು, ತಮ್ಮ ಭಾಷೆಯಲ್ಲಿ ತಾವೇ ನೋಡಬೇಕು ಎಂಬ ಹಟದ ಕೆಲಸ ಅದು. ಕೆಲವು ಸಂಪುಟಗಳಲ್ಲಿ ಎರಡೇ ಬೀದಿಯ ಹಳ್ಳಿಯ ಚರ್ಚಿಗೂ ಸಾಲುಗಳಿವೆ. ಓದಲು ಬಹಳ ಒಣ, ಅಕ್ಷರ ಬಹಳ ಸಣ್ಣ. ಆದರೂ ಒಂದು ಸೀಮೆಯನ್ನು ಪ್ರೀತಿಸುವವರು ಹೇಗೆ ಬರೆಯುತ್ತಾರೆ ಎಂದು ತಿಳಿಯಬೇಕಾದರೆ ಅವುಗಳನ್ನು ಒಮ್ಮೆ ಕೈಯಲ್ಲಿ ಹಿಡಿಯಬೇಕು.

ನಮ್ಮವರಿಗಾಗಿ ಬರೆದದ್ದು? ಕನ್ನಡದಲ್ಲಿ ಯುರೋಪಿನ ಪ್ರವಾಸ ಕಥನಗಳಿಗೆ ಬರವಿಲ್ಲ. ಕಾರಂತರು ಅಲ್ಲೆಲ್ಲ ತಿರುಗಿ ಬರೆದಿದ್ದಾರೆ, ಗೋಕಾಕರು ಬರೆದಿದ್ದಾರೆ. ಅವು ಲೇಖಕರ ಜೊತೆ ನಾವು ಹೋಗುವ ಪುಸ್ತಕಗಳು. ಲೇಖಕ ಪಕ್ಕಕ್ಕೆ ನಿಂತು, "ನೀವು ಇಲ್ಲಿ ನಿಂತುಕೊಳ್ಳಿ, ಮೊದಲು ಇದನ್ನು ನೋಡಿ, ಇದರ ಕಥೆ ಹೀಗೆ" ಎಂದು ಕೈಹಿಡಿದು ತೋರಿಸುವ ಕನ್ನಡ ಪುಸ್ತಕ, ಯುರೋಪಿನ ಯಾವುದಾದರೂ ಒಂದು ಸಣ್ಣ ಸೀಮೆಯದ್ದು, ನನಗೆ ಬೇಕಾಗಿದ್ದು ಅಂಥದ್ದು.

ಏಳು ತಿಂಗಳು

ಅರೆತ್ಸೊದಿಂದ ಪೂರ್ವಕ್ಕೆ, ಟೈಬರ್ ನದಿ ಇನ್ನೂ ಚಿಕ್ಕದಾಗಿರುವ ಕಣಿವೆಯ ಕಡೆಗೆ ಬಸ್ಸು ಹೋಗುತ್ತದೆ. ಟಿಕೆಟ್ಟನ್ನು ಬೀಡಾ ಅಂಗಡಿಯಂಥ ಒಂದು ತಂಬಾಕು ಅಂಗಡಿಯಲ್ಲಿ ಮೊದಲೇ ಕೊಳ್ಳಬೇಕು, ಬಸ್ಸು ಹತ್ತಿದ ಮೇಲೆ ಮಿಷನ್ನಿಗೆ ತೂರಿಸಿ ಗುರುತು ಹಾಕಿಸಬೇಕು. ದಾರಿಯ ಎರಡೂ ಕಡೆ ಸೂರ್ಯಕಾಂತಿ ಒಣಗಿ ತಲೆತಗ್ಗಿಸಿ ನಿಂತಿದ್ದವು. ನಮ್ಮ ಚಿತ್ರದುರ್ಗದ ಕಡೆಯ ಹೊಲಗಳ ಹಾಗೇ ಇದೆಯಲ್ಲ ಎಂದಳು ಅಮ್ಮ.

ಮೊಂತೆರ್ಕಿ ಎಂಬ ಊರು ದಿಬ್ಬದ ಮೇಲಿದೆ. ಪಿಯೆರೊನ ತಾಯಿಯ ಊರು ಅದು. ಅಲ್ಲಿರುವುದು ಒಂದೇ ಒಂದು ಚಿತ್ರ, ಬಸುರಿ ಮೇರಿ. ಊರಾಚೆಯ ಸ್ಮಶಾನದ ಚಿಕ್ಕ ಗುಡಿಯ ಗೋಡೆಯಲ್ಲಿ ಶತಮಾನಗಟ್ಟಲೆ ಇದ್ದದ್ದನ್ನು 1990ರ ದಶಕದ ಮೊದಲಲ್ಲಿ ತಂದು ಹಳೆಯ ಶಾಲೆಯೊಂದರ ಕಟ್ಟಡದಲ್ಲಿ ಇಟ್ಟಿದ್ದಾರೆ. ಈ ಸಲ ನಾನು ಜಾಣತನ ಮಾಡಿ, ಒಳಗೆ ಹೋಗುವ ಮೊದಲೇ ಹೊರಗೆ ಕೂತು ಪುಸ್ತಕ ಹೇಳಿದ್ದನ್ನೆಲ್ಲ ಹೇಳಿ ಮುಗಿಸಿದೆ. ಎರಡು ಕಡೆ ಇಬ್ಬರು ದೇವದೂತರು ಡೇರೆಯ ಪರದೆ ಸರಿಸುತ್ತಿದ್ದಾರೆ. ಇಬ್ಬರನ್ನೂ ಒಂದೇ ನಕ್ಷೆಯ ಹಾಳೆಯಿಂದ ತೆಗೆದದ್ದು, ಒಬ್ಬನನ್ನು ನೇರ, ಇನ್ನೊಬ್ಬನನ್ನು ಅದೇ ಹಾಳೆ ಮಗುಚಿ. ಬಟ್ಟೆಯ ಬಣ್ಣ ಅದಲು ಬದಲು. ಡೇರೆಯ ಬಟ್ಟೆಯ ಮೇಲೆ ದಾಳಿಂಬೆಯ ಬುಟ್ಟಾ, ಒಳಗೆ ತುಪ್ಪಳದ ಪದರ. ಪಿಯೆರೊ ಗಣಿತ ಬಲ್ಲವನು, ರೇಖಾಗಣಿತದ ಮೇಲೆ ಗ್ರಂಥ ಬರೆದವನು. ಆಮೇಲೆ ಒಳಗೆ ಹೋದೆವು.

ಒಳಗೆ ಬೆಳಕು ಕಡಿಮೆ. ಚಿತ್ರದ ಮೇಲೆ ಮಾತ್ರ ಬೆಳಕು. ನೀಲಿ ನಿಲುವಂಗಿ ತೊಟ್ಟ ಹುಡುಗಿ, ಹೊಟ್ಟೆಯ ಮೇಲೆ ಅಂಗಿ ಬಿಗಿಯಾಗಿ ದಾರ ಸಡಿಲಿಸಿಕೊಂಡಿದ್ದಾಳೆ, ಆ ಸೀಳಿನಲ್ಲಿ ಒಳಗಿನ ಬಿಳಿ ಬಟ್ಟೆ ಕಾಣುತ್ತದೆ. ಬಲಗೈ ಬೆರಳುಗಳು ಅಲ್ಲಿವೆ. ಎಡಗೈ ಹಿಮ್ಮಡಚಿ ಸೊಂಟದ ಮೇಲೆ. ರೆಪ್ಪೆ ಅರ್ಧ ಮುಚ್ಚಿ ಕೆಳಗೆ ನೋಡುತ್ತಿದ್ದಾಳೆ.

ಅಮ್ಮ ಬಹಳ ಹೊತ್ತು ಮಾತಾಡಲಿಲ್ಲ. ಆಮೇಲೆ ನನ್ನ ತೋಳು ಹಿಡಿದು ಪಿಸುಗುಟ್ಟಿದಳು. "ಏಳು ತುಂಬಿದೆ ಕಣೇ ಇವಳಿಗೆ. ಸೊಂಟ ಸೆಳೀತಿದೆ. ಆ ಕೈ ನೋಡು, ಹಾಗೆ ಒತ್ತಿಕೊಂಡ್ರೆ ಸ್ವಲ್ಪ ಹಗುರ ಆಗತ್ತೆ. ನೀನು ಹೊಟ್ಟೇಲಿದ್ದಾಗ ನಾನು ಬಾವಿಕಟ್ಟೆ ಹತ್ರ ಹೀಗೇ ನಿಲ್ತಿದ್ದೆ."

ನಾನು ಓದಿದ್ದ ಪುಸ್ತಕದಲ್ಲಿ ಎಡಗೈಯ ಬಗ್ಗೆ ಒಂದು ಪದವೂ ಇರಲಿಲ್ಲ. ಅಕ್ಕಪಕ್ಕದ ದೇವದೂತರ ಸಮತೂಕ ಇತ್ತು, ದಾಳಿಂಬೆ ಇತ್ತು. ಅದೆಲ್ಲ ನಿಜ, ಉಪಯೋಗವೂ ಆಯಿತು. ಡೇರೆಯ ಒಳಪದರದ ತುಪ್ಪಳವನ್ನು ತೋರಿಸಿದಾಗ ಅಮ್ಮನಿಗೆ ಖುಷಿಯಾಯಿತು, ಬಾಣಂತಿ ಕೋಣೆ ಬೆಚ್ಚಗಿರಲಿ ಅಂತ ಮಾಡಿದ್ದಾನೆ ಎಂದಳು. ಆ ಕಣಿವೆಯ ಬಸುರಿಯರು ತಲೆಮಾರುಗಳಿಂದ ಈ ಚಿತ್ರದ ಮುಂದೆ ಬಂದು ಸುಖವಾಗಿ ಹೆರಿಗೆಯಾಗಲಿ ಎಂದು ಬೇಡಿಕೊಂಡು ಹೋಗಿದ್ದಾರೆ. ಅವರ್ಯಾರೂ ದೇವದೂತರ ಅದಲು ಬದಲು ನೋಡಲು ಬಂದವರಲ್ಲ. ಅಮ್ಮ ನೋಡಿದ್ದು ಅವರು ನೋಡಿದ್ದನ್ನೇ. ಆ ಗೋಡೆಗೆ ಹತ್ತಿರದವಳು ಅವಳೇ, ದೂರದವಳು ನಾನು ಎಂದು ಅವತ್ತು ನನಗೆ ತಿಳಿಯಿತು.

ಕೈಯಲ್ಲಿ ಏನಿದೆ ನೋಡು

ಕನ್ನಡದ ಕೈಪಿಡಿಯನ್ನು ಎಲ್ಲಿಂದ ಶುರು ಮಾಡಬೇಕು ಎಂದು ಈಗ ನನಗೆ ಹೆಚ್ಚು ಕಡಿಮೆ ಗೊತ್ತಿದೆ. ಓದುಗರಿಗೆ ಗೊತ್ತಿರುವ ಕಡೆಯಿಂದ. ಸೋಮನಾಥಪುರದಲ್ಲಿ ವಿಷ್ಣುವಿನ ರೂಪಗಳನ್ನು ನಾವು ಹೇಗೆ ಗುರುತಿಸುತ್ತೇವೆ? ಶಂಖ, ಚಕ್ರ, ಗದೆ, ಪದ್ಮ, ಇವು ಯಾವ ಕೈಯಲ್ಲಿ ಯಾವುದಿದೆ ಎಂಬುದರ ಮೇಲೆ ಇಪ್ಪತ್ನಾಲ್ಕು ಹೆಸರು. ಕೇಶವನೋ ಮಾಧವನೋ ಎಂದು ಮುಖ ನೋಡಿ ಹೇಳಲಾಗುವುದಿಲ್ಲ, ಕೈ ನೋಡಬೇಕು. ಯುರೋಪಿನ ಚರ್ಚುಗಳ ಸಂತರದೂ ಅದೇ ಲೆಕ್ಕ. ಬೀಗದ ಕೈ ಹಿಡಿದವನು ಪೀಟರ್, ಕತ್ತಿ ಹಿಡಿದವನು ಪಾಲ್. ಮುರಿದ ಚಕ್ರದ ಪಕ್ಕ ನಿಂತವಳು ಕ್ಯಾಥರೀನ್. ಕಬ್ಬಿಣದ ಸರಳುಗಳ ಒಲೆ ಹಿಡಿದವನು ಲಾರೆನ್ಸ್, ಅವನನ್ನು ಅದರ ಮೇಲೆ ಸುಟ್ಟರು. ತಟ್ಟೆಯಲ್ಲಿ ಎರಡು ಕಣ್ಣು ಹಿಡಿದವಳು ಲೂಸಿ, ಕಣ್ಣಿನ ಕಾಯಿಲೆಯವರು ಅವಳಿಗೆ ಹರಕೆ ಹೊರುತ್ತಾರೆ. ಪಕ್ಕದಲ್ಲಿ ಸಿಂಹ ಮಲಗಿದ್ದರೆ ಮುದುಕ ಜೆರೋಮ್. ಇಷ್ಟು ಹೇಳಿಕೊಟ್ಟರೆ ಸಾಕು, ಆಯುಧ ಮತ್ತು ವಾಹನ ನೋಡಿ ದೇವರನ್ನು ಗುರುತು ಹಿಡಿಯುವ ನಮ್ಮ ಮನೆಯ ಹೆಂಗಸರು ಯಾವ ಊರಿನ ಚರ್ಚಿನಲ್ಲೂ ಕಂಗಾಲಾಗಿ ನಿಲ್ಲುವುದಿಲ್ಲ. ಒಂದೂವರೆ ದಿನದಲ್ಲಿ ಅಮ್ಮ ನನಗಿಂತ ಮುಂದೆ ಹೋಗಿದ್ದಳು. ನಾನು ಕೆಳಗಿನ ಚೀಟಿ ಓದುವಷ್ಟರಲ್ಲಿ ಅವಳು, "ಚಕ್ರ ಇದೆ, ಕ್ಯಾಥರೀನಮ್ಮ" ಎಂದಿರುತ್ತಿದ್ದಳು.

ಸಾನ್‌ಸೆಪೋಲ್ಕ್ರೊ ಪಿಯೆರೊ ಹುಟ್ಟಿದ ಊರು, ಅವನು 1492ರಲ್ಲಿ ತೀರಿಕೊಂಡದ್ದೂ ಅಲ್ಲೇ. ಅಲ್ಲಿಯ ಮ್ಯೂಸಿಯಮ್ಮಿನಲ್ಲಿ ಅವನು ಊರಿನ ಒಂದು ಸೇವಾ ಸಂಘಕ್ಕೆಂದು ಬರೆದುಕೊಟ್ಟ ಹಲವು ಹಲಗೆಗಳ ದೊಡ್ಡ ಚಿತ್ರವಿದೆ. ಒಪ್ಪಂದವಾದದ್ದು 1445ರಲ್ಲಿ, ಮೂರು ವರ್ಷಕ್ಕೆ ಮುಗಿಸಬೇಕು ಎಂದು. ಮುಗಿಯಲು ಅದಕ್ಕಿಂತ ಎಷ್ಟೋ ಹೆಚ್ಚು ಕಾಲ ಹಿಡಿಯಿತು. ನಡುವೆ ಮೇರಿ ತನ್ನ ಮೇಲುಹೊದಿಕೆಯನ್ನು ಎರಡೂ ಕೈಯಲ್ಲಿ ಅಗಲಿಸಿ ಹಿಡಿದಿದ್ದಾಳೆ, ಅದರಡಿ ಊರಿನ ಗಂಡಸರು ಹೆಂಗಸರು ಮಂಡಿಯೂರಿದ್ದಾರೆ. ಅವಳು ಅವರಿಗಿಂತ ಎಷ್ಟೋ ಪಾಲು ದೊಡ್ಡವಳು. ಎಡಗಡೆಯ ತುದಿಯ ಹಲಗೆಯಲ್ಲಿ ಒಬ್ಬ ಯುವಕ, ಮೈತುಂಬ ಬಾಣ.

"ಇವನಿಗೇನಾಯ್ತು?" ಎಂದಳು ಅಮ್ಮ. ಸೆಬಾಸ್ಟಿಯನ್, ಬಾಣ ಬಿಟ್ಟರೂ ಸಾಯದೆ ಉಳಿದವನು, ಆದ್ದರಿಂದ ಪ್ಲೇಗಿನಿಂದ ಕಾಪಾಡುವ ಸಂತ ಎಂದೆ. ಎಲ್ಲಿಂದಲೋ ಹಾರಿ ಬಂದು ನಾಟುವ ಬಾಣವೇ ಪ್ಲೇಗು ಎಂದು ಅವರು ನಂಬಿದ್ದರು. ಹದಿನಾಲ್ಕನೆಯ ಶತಮಾನದ ಮಧ್ಯದಿಂದ ಆ ಕಡೆಯ ಊರುಗಳಿಗೆ ಅದು ಮತ್ತೆ ಮತ್ತೆ ಬರುತ್ತಿತ್ತು. ಅಮ್ಮ ಅಲ್ಲೇ ನಿಂತುಬಿಟ್ಟಳು. ಅವಳ ಅಜ್ಜಿ ಹೇಳುತ್ತಿದ್ದ ಮಾತು: ಇಲಿ ಬಿತ್ತು ಅಂದರೆ ಸಾಕು, ಪಾತ್ರೆ ಪಡಗ ಹೊತ್ತುಕೊಂಡು ಊರು ಬಿಡಬೇಕು, ಹೊಲದಲ್ಲಿ ಗುಡಿಸಲು ಹಾಕಿಕೊಳ್ಳಬೇಕು. ಅಜ್ಜಿಯ ಇಬ್ಬರು ಅಣ್ಣಂದಿರು ಒಂದೇ ವಾರದಲ್ಲಿ ಹೋದರಂತೆ. 1898ರಲ್ಲಿ ಬೆಂಗಳೂರಿಗೆ ಪ್ಲೇಗು ಬಂದದ್ದು, ಆಮೇಲೆ ಪ್ಲೇಗಮ್ಮನ ಗುಡಿಗಳು ಎದ್ದದ್ದು ನಮಗೆಲ್ಲ ಗೊತ್ತು. "ಹಾಗಾದರೆ ಇವನು ಇವರ ಪ್ಲೇಗಮ್ಮ" ಎಂದು ಅಮ್ಮ ಚಿತ್ರದ ಮುಂದೆ ಕೈಮುಗಿದಳು. ಯಾವ ಇಂಗ್ಲಿಷ್ ಕೈಪಿಡಿಯೂ ಈ ಸಾಲನ್ನು ಬರೆಯಲಾರದು. ಕನ್ನಡದ್ದು ಬರೆಯದೆ ಇರಬಾರದು.

ಊರಿನ ಹೆಸರಿಗೂ ಸ್ಥಳಪುರಾಣವಿದೆ. ಸಾನ್‌ಸೆಪೋಲ್ಕ್ರೊ ಎಂದರೆ ಪವಿತ್ರ ಸಮಾಧಿ. ಆರ್ಕಾನೊ, ಎಜಿದಿಯೊ ಎಂಬ ಇಬ್ಬರು ಯಾತ್ರಿಕರು ಜೆರುಸಲೇಮಿನಿಂದ ಪವಿತ್ರ ಅವಶೇಷಗಳನ್ನು ತರುತ್ತಾ ಇಲ್ಲಿ ದಣಿವಾರಿಸಿಕೊಳ್ಳಲು ನಿಂತಾಗ, ಇಲ್ಲೇ ಉಳಿಯಿರಿ ಎಂದು ದೈವಸೂಚನೆಯಾಯಿತು, ಅಲ್ಲೇ ಗುಡಿ ಕಟ್ಟಿದರು ಎಂಬುದು ಕಥೆ. ಗೋಕರ್ಣದ ಆತ್ಮಲಿಂಗ ಗೊತ್ತಿರುವವರಿಗೆ ಇದನ್ನು ಎರಡು ಸಲ ಹೇಳಬೇಕಾಗಿಲ್ಲ.

ತೋಪು ನಿಲ್ಲಿಸಿದವನು

ಅದೇ ಮ್ಯೂಸಿಯಮ್ಮಿನಲ್ಲಿ ಗೋಡೆಯ ಮೇಲೆ ಪಿಯೆರೊ ಬರೆದ ಪುನರುತ್ಥಾನವಿದೆ. ಕ್ರಿಸ್ತ ಕಲ್ಲಿನ ಸಮಾಧಿಯ ಅಂಚಿಗೆ ಒಂದು ಕಾಲಿಟ್ಟು ಏಳುತ್ತಿದ್ದಾನೆ. ಎದುರಿಗೆ ನಾಲ್ವರು ಕಾವಲುಗಾರರು ನಿದ್ದೆ ಹೋಗಿದ್ದಾರೆ. ಹಿಂದೆ ಎಡಗಡೆಯ ಮರಗಳು ಬೋಳು, ಬಲಗಡೆಯವು ಎಲೆ ತುಂಬಿಕೊಂಡಿವೆ. 1925ರಲ್ಲಿ ಆಲ್ಡಸ್ ಹಕ್ಸ್‌ಲಿ ತನ್ನ ಪ್ರವಾಸ ಪ್ರಬಂಧಗಳ ಪುಸ್ತಕವೊಂದರಲ್ಲಿ ಇದನ್ನು ಜಗತ್ತಿನಲ್ಲೇ ಅತ್ಯುತ್ತಮ ಚಿತ್ರ ಎಂದು ಬರೆದ. 1944ರಲ್ಲಿ ಜರ್ಮನರು ಹಿಂದೆ ಸರಿಯುತ್ತಿದ್ದಾಗ ಬ್ರಿಟಿಷ್ ತೋಪುಗಳು ಈ ಊರಿನ ಮೇಲೆ ಗುಂಡು ಹಾಕತೊಡಗಿದವು. ಆಜ್ಞೆ ಕೊಡುತ್ತಿದ್ದ ಅಧಿಕಾರಿ ಟೋನಿ ಕ್ಲಾರ್ಕ್. ಊರಿನ ಹೆಸರನ್ನು ಎಲ್ಲೋ ಓದಿದ್ದೇನಲ್ಲ ಎಂದು ಅವನಿಗೆ ಅನ್ನಿಸುತ್ತಿತ್ತು. ಹಕ್ಸ್‌ಲಿಯ ಪ್ರಬಂಧ ನೆನಪಾದ ಕೂಡಲೇ ಗುಂಡು ನಿಲ್ಲಿಸಲು ಹೇಳಿದ. ಅವನು ಆ ಚಿತ್ರವನ್ನು ಅದುವರೆಗೂ ನೋಡಿರಲಿಲ್ಲ. ಊರಿನಲ್ಲಿ ಒಂದು ಬೀದಿಗೆ ಈಗ ಅವನ ಹೆಸರಿದೆ.

ಇದಕ್ಕೆ ಎರಡು ವರ್ಷ ಮೊದಲು ನಡೆದದ್ದನ್ನೂ ಹೇಳಬೇಕು. 1942ರ ಮಾರ್ಚಿನಲ್ಲಿ ಬ್ರಿಟಿಷರು ಜರ್ಮನಿಯ ಹಳೆಯ ಪಟ್ಟಣ ಲ್ಯೂಬೆಕ್ ಮೇಲೆ ಬಾಂಬು ಹಾಕಿ ಸುಟ್ಟರು. ಅದರ ಸೇಡಿಗೆ ಏಪ್ರಿಲಿನಿಂದ ಜರ್ಮನ್ ವಿಮಾನಗಳು ಎಕ್ಸೆಟರ್, ಬಾತ್, ನಾರಿಚ್, ಯಾರ್ಕ್, ಕ್ಯಾಂಟರ್ಬರಿಗಳ ಮೇಲೆ ಎರಗಿದವು. ಬೇಡೆಕರ್ ಪುಸ್ತಕದಲ್ಲಿ ಮೂರು ನಕ್ಷತ್ರವಿರುವ ಇಂಗ್ಲೆಂಡಿನ ಪ್ರತಿ ಕಟ್ಟಡವನ್ನೂ ಉರುಳಿಸುತ್ತೇವೆ ಎಂದು ಅವರ ವಕ್ತಾರನೊಬ್ಬ ಹೇಳಿದ. ಬೇಡೆಕರ್ ಎರಡಕ್ಕಿಂತ ಹೆಚ್ಚು ನಕ್ಷತ್ರ ಕೊಟ್ಟವನೇ ಅಲ್ಲ. ಆ ದಾಳಿಗಳಲ್ಲಿ ಸಾವಿರದ ಆರುನೂರಕ್ಕೂ ಹೆಚ್ಚು ನಾಗರಿಕರು ಸತ್ತರು, ಇಂದಿಗೂ ಅವಕ್ಕೆ ಬೇಡೆಕರ್ ದಾಳಿಗಳು ಎಂದೇ ಹೆಸರು. ಮರುವರ್ಷ ಡಿಸೆಂಬರಿನಲ್ಲಿ ಬ್ರಿಟಿಷರ ಬಾಂಬಿಗೆ ಲೈಪ್‌ಜಿಗ್‌ನಲ್ಲಿದ್ದ ಬೇಡೆಕರ್ ಸಂಸ್ಥೆಯ ಕಚೇರಿಯೇ ಸುಟ್ಟುಹೋಯಿತು. ಜೇಬಿನಿಂದ ಜೇಬಿಗೆ ಬಟಾಣಿ ಹಾಕಿಕೊಂಡು ಮೆಟ್ಟಿಲೆಣಿಸಿದ ಮನುಷ್ಯನ ಹೆಸರು ಹೀಗೆ ಉಳಿದದ್ದು ನೆನೆದರೆ ನನಗೆ ಹೊಟ್ಟೆ ಸಂಕಟವಾಗುತ್ತದೆ. ನಕ್ಷತ್ರಕ್ಕೆ ಕಾರಣ ಇರುವುದಿಲ್ಲ, ಬರೀ ಗುರುತು ಅಷ್ಟೆ. ಗುರುತನ್ನು ಯಾರು ಬೇಕಾದರೂ ಯಾವುದಕ್ಕೆ ಬೇಕಾದರೂ ಬಳಸಬಹುದು. ಕ್ಲಾರ್ಕನ ತಲೆಯಲ್ಲಿ ಉಳಿದಿದ್ದದ್ದು, ಒಬ್ಬ ಮನುಷ್ಯ ಒಂದು ಗೋಡೆಯ ಮುಂದೆ ನಿಂತು ಅದು ತನಗೆ ಯಾಕೆ ಹಿಡಿಸಿತು ಎಂದು ಬಿಡಿಸಿ ಬರೆದ ಕೆಲವು ಪುಟ.

ನಾನು ಬರೆಯಲು ಶುರು ಮಾಡಿದ್ದೇನೆ. ದೊಡ್ಡದೇನಲ್ಲ, ಇನ್ನೂರು ಪುಟದ ಒಂದು ನೋಟ್‌ಬುಕ್. ಅರೆತ್ಸೊ, ಮೊಂತೆರ್ಕಿ, ಸಾನ್‌ಸೆಪೋಲ್ಕ್ರೊ, ಈ ಮೂರೇ ಊರು. ನಕ್ಷತ್ರ ಹಾಕಿಲ್ಲ. ಮೊದಲು ಮರದ ಪುರಾಣ, ಆಮೇಲೆ ಗೋಡೆ. ಸಂತರ ಆಯುಧಗಳಿಗೆ ಎರಡು ಪುಟ. ಟಿಕೆಟ್ ಸಿಗುವ ಅಂಗಡಿ, ಮೊಸರು ಸಿಗುವ ಅಂಗಡಿ. ಮೊಂತೆರ್ಕಿಯ ಪುಟದಲ್ಲಿ ಮೊದಲ ಸಾಲು, ಅವಳ ಎಡಗೈ ನೋಡಿ. ಮೊನ್ನೆ ಭಾನುವಾರ ಪುನರುತ್ಥಾನದ ನಾಲ್ಕು ಪುಟವನ್ನು ಫೋನಿನಲ್ಲಿ ಅಮ್ಮನಿಗೆ ಓದಿ ಹೇಳಿದೆ. ಕ್ಲಾರ್ಕನ ಕಥೆ, ಮರಗಳು, ನಿದ್ದೆ ಹೋದವರಲ್ಲಿ ಒಬ್ಬನ ಮುಖ ಪಿಯೆರೊನದ್ದೇ ಎಂದು ಜನ ಹೇಳುವುದು, ಎಲ್ಲ. ಪೂರ್ತಿ ಕೇಳಿದಳು.

"ಚೆನ್ನಾಗಿದೆ. ಆದ್ರೆ ಎದುರಿಗೆ ಬೆಂಚಿತ್ತಲ್ಲ, ನಾವು ಕೂತಿದ್ವಲ್ಲ, ಅದನ್ನ ಬರೆದಿಲ್ಲ ನೀನು. ಕಾಲುನೋವಿನವರು ಬಂದ್ರೆ ಗೊತ್ತಾಗಬೇಕಲ್ವಾ?"

ಪುಟದ ಮೇಲ್ಗಡೆ, ಕ್ರಿಸ್ತನಿಗಿಂತ ಮೊದಲು, ಸೇರಿಸಿದೆ: ಚಿತ್ರದ ಎದುರಿಗೆ ಬೆಂಚು ಇದೆ. ಮೊದಲು ಕೂತುಕೊಳ್ಳಿ.